ನಡುವಿನ ಮೋಟು ಗೆರೆ

ಹಳೆಯ ಡ್ರೈವರ್ ಫೈಲನ್ನು ಹೊಸ ಕಂಪ್ಯೂಟರಿಗೆ ಹಾಕಿದ್ದೇ ತಡ, ಸಾರಕ್ಕಿಯ ಜೆರಾಕ್ಸ್ ಅಂಗಡಿಯಲ್ಲಿ ಮೂಕವಾಗಿ ಕೂತಿದ್ದ ಸ್ಕ್ಯಾನರ್ ಗುರುಗುಟ್ಟಿ ಎದ್ದಿತು. ಮುಚ್ಚಳ ತೆರೆದೇ ಇತ್ತು. ಪರದೆಗೆ ಬಂದ ಚಿತ್ರವೆಲ್ಲ ಕಪ್ಪು. ಅದರ ಮೇಲೆ ಬೆಳ್ಳನೆಯ ಮೂರು ಗೆರೆ. ನಡುವಿನದು ಮೋಟು.

"ಗ್ಲಾಸ್ ಗಲೀಜಾಗಿದೆ ಆಂಟಿ, ಒರೆಸ್ಬಿಡಿ," ಎಂದ ರಿಪೇರಿಗೆ ಬಂದಿದ್ದ ಮುತ್ತುರಾಜ.

ಗಾಜನ್ನು ಈಗಷ್ಟೇ ಒರೆಸಿದ್ದ ಒದ್ದೆ ಬಟ್ಟೆ ನೀಲಗಂಗಮ್ಮನ ಕೈಯಲ್ಲೇ ಇತ್ತು. ತೀರಿಕೊಂಡ ಗಂಡ ಪರಮಶಿವಯ್ಯನ ನಡುಬೆರಳು ಮೋಟಾಗಿತ್ತು. ದಿನಾ ಬೆಳಿಗ್ಗೆ ಅಂಗಡಿ ತೆರೆದು, ಮೂರು ಬೆರಳಲ್ಲಿ ಸ್ಕ್ಯಾನರಿಗೆ ವಿಭೂತಿ ಎಳೆದು, ಉಳಿದದ್ದನ್ನು ಅವಳ ಹಣೆಗೆ ಹಚ್ಚುತ್ತಿದ್ದ. ಅವನು ಹೋದ ಮೇಲೆ ಅವಳು ವಿಭೂತಿಯನ್ನೇ ಮುಟ್ಟಿರಲಿಲ್ಲ.

"ಗ್ಲಾಸ್ ಚೊಕ್ಕವಾಗೇ ಇದೆಯಲ್ಲಪ್ಪ," ಎನ್ನುತ್ತ ಅವಳು ತಿರುಗಿದಳು.

ಮುತ್ತುರಾಜ ಪರದೆ ನೋಡಿದ. ಅವಳ ಹಣೆ ನೋಡಿದ.

"ಆಂಟಿ, ನೀವು ವಿಭೂತಿ ಯಾವಾಗ ಹಚ್ಕೊಂಡ್ರಿ?"