ಬಿಟ್ಟುಹೋದ ಒಂದು ಚಿತ್ರ

"ಇದನ್ನ ಕೇಳಿ ಮೇಷ್ಟ್ರೇ," ಎಂದು ಅಂಗಡಿಯ ಅಕ್ಕ ಕನ್ನಡಕ ಏರಿಸಿಕೊಂಡು ಓದಿದಳು. "'ಕೆಟ್ಟ ಸಿಡಿಲಣ್ಣನೇ ಗೆಲ್ಲಬೇಕು. ಒಳ್ಳೆಯವನು ಬರೀ ಭಾಷಣ ಬಿಗಿಯುತ್ತಾನೆ.' ಇನ್ನೊಬ್ಬ ನೋಡಿ, 'ಹೆದರಿ ಎರಡು ದಿನ ಬಚ್ಚಲಿಗೆ ಒಬ್ಬನೇ ಹೋಗಲಿಲ್ಲ. ಮುಂದಿನ ಭಾಗ ಬೇಗ ತರಿಸಿ.'"

ನಿವೃತ್ತ ಮೇಷ್ಟ್ರು ಸ್ಟೂಲಿನ ಮೇಲೆ ಕುಲುಕುಲು ನಕ್ಕರು. ಅಕ್ಕ ಕಾಮಿಕ್ಸ್‌ಗಳನ್ನು ಬಾಡಿಗೆಗೆ ಕೊಡುವವಳು. ಪ್ರತಿ ಪುಸ್ತಕದ ಕೊನೆಗೆ ಒಂದು ಗೆರೆಹಾಳೆ ಅಂಟಿಸುತ್ತಿದ್ದಳು. ಓದಿದವರು ತಮ್ಮ ಅಭಿಪ್ರಾಯವನ್ನು ಅದರಲ್ಲಿ ಬರೆದು ಪುಸ್ತಕ ಹಿಂದಿರುಗಿಸಬೇಕು. ಹೆಸರು ಹಾಕುವಂತಿಲ್ಲ, ಕಾರ್ಡ್ ನಂಬರ್ ಮಾತ್ರ. ಹೆಸರು ಹಾಕಿದರೆ ಮಕ್ಕಳು ನಿಜ ಬರೆಯುವುದಿಲ್ಲ ಎಂಬುದು ಅವಳು ಕಂಡುಕೊಂಡ ಸತ್ಯ. ಶನಿವಾರ ಮಧ್ಯಾಹ್ನ ಅದನ್ನೆಲ್ಲ ಗಟ್ಟಿಯಾಗಿ ಓದಿ ನಗಿಸುವುದು ಅವಳ ಚಟ. ನಂಬರನ್ನು ಮಾತ್ರ ಎಂದೂ ಬಾಯಿಬಿಡುತ್ತಿರಲಿಲ್ಲ. ಈ ವಾರದ ಪುಸ್ತಕದಲ್ಲಂತೂ ಬೇರೆ ಲೋಕದಿಂದ ಕಥಾನಾಯಕ ಸಿಡಿಲಣ್ಣನದೇ ಮುಖ ಹೊತ್ತ ಒಬ್ಬ ದುಷ್ಟ ಇಳಿದು ಬಂದಿದ್ದ. ಊರಿಗೆ ಊರೇ ಅವನನ್ನು ನಂಬಿ ಕೆಡುತ್ತದೆ. ಹಾಳೆ ಅಂಚಿನವರೆಗೂ ತುಂಬಿಹೋಗಿತ್ತು.

ಅಷ್ಟರಲ್ಲಿ ಅಗ್ನಿಶಾಮಕದವನು ಮಗಳ ಕೈ ಹಿಡಿದುಕೊಂಡು ಒಳಗೆ ಬಂದ. ಹೋದ ವರ್ಷ ಉರಿಯುವ ಮನೆಯಿಂದ ಒಬ್ಬ ಅಜ್ಜಿಯನ್ನು ಹೆಗಲ ಮೇಲೆ ಹೊತ್ತು ತಂದ ಮೇಲೆ ಬೀದಿಯವರೆಲ್ಲ ಅವನನ್ನು ಹೀರೋ ಎಂದೇ ಕರೆಯುತ್ತಿದ್ದರು. ಮೇಷ್ಟ್ರು ಎದ್ದು ತಮ್ಮ ಸ್ಟೂಲನ್ನೇ ಕೊಡಹೋದರು. ಅವನು ಅವರ ಭುಜ ಹಿಡಿದು ಪ್ರೀತಿಯಿಂದ ಕೂರಿಸಿದ. ಮಗಳು ಸೀದಾ ಕಪಾಟಿನ ಕಡೆಗೆ ಹೋದಳು.

"ಓದಿ ಅಕ್ಕ, ನಾವೂ ಕೇಳೋಣ," ಎಂದ.

"ಕೊನೇದೊಂದಿದೆ. ಮುದ್ದಾಗಿ, ಬಿಡಿಬಿಡಿಯಾಗಿ ಬರೆದಿದಾರೆ."

"ಆಂಟಿ, ಅದು ಬೇಡ," ಎಂದಳು ಹುಡುಗಿ ಕಪಾಟಿನ ಹತ್ತಿರದಿಂದ. "ಬೇರೆ ಓದಿ."

"ನೀನಿನ್ನೂ ಓದಿಲ್ವೇನೇ ಪುಟ್ಟಿ? ಕಥೆ ಹೇಳಿಬಿಡಲ್ಲ, ಹೆದರ್ಬೇಡ," ಎಂದು ಅಕ್ಕ ಓದತೊಡಗಿದಳು. "'ಕೆಟ್ಟವನು ಬೇರೆ ಲೋಕದಿಂದ ಬರುತ್ತಾನೆ ಅಂತ ಬರೆದಿದ್ದೀರಿ. ಅದು ಸುಳ್ಳು. ಇಬ್ಬರಿಲ್ಲ, ಒಬ್ಬನೇ. ಅದೇ ಬೂಟು ಹಾಕಿಕೊಂಡು, ಅದೇ ಹೊತ್ತಿಗೆ ಮನೆಗೆ ಬರುತ್ತಾನೆ. ಹೊಡೆಯುವ ಮೊದಲು ವಾಚು ಬಿಚ್ಚಿ ಜೇಬಿಗೆ ಹಾಕಿಕೊಳ್ಳುತ್ತಾನೆ, ಒಡೆಯಬಾರದು ಅಂತ. ಆ ಚಿತ್ರ ಬಿಟ್ಟುಬಿಟ್ಟಿದ್ದೀರಿ.'"

ಮೇಷ್ಟ್ರು ತಲೆದೂಗಿದರು. "ಭಲೇ! ಬರೆದವರು ಮುಂದೆ ದೊಡ್ಡ ಕಥೆಗಾರರಾಗ್ತಾರೆ, ನೋಡ್ತಿರಿ."

ಅಗ್ನಿಶಾಮಕದವನೂ ನಕ್ಕ. "ಯಾರಕ್ಕ ಅದು ಅಷ್ಟು ಬುದ್ಧಿವಂತರು?"

ಇಷ್ಟು ವರ್ಷ ಕಾಪಾಡಿಕೊಂಡು ಬಂದ ನಿಯಮ. ಆದರೆ ಕೇಳಿದವನು ಹೀರೋ, ಮೇಷ್ಟ್ರಿಂದ ಹೊಗಳಿಕೆ ಬೇರೆ ಸಿಕ್ಕಿತ್ತು. "ನಂಬರಲ್ಲಿ ಏನಿದೆ, ಹೇಳಿದ್ರೆ ಯಾರಿಗೆ ಗೊತ್ತಾಗುತ್ತೆ," ಎಂದು ಅಕ್ಕ ಹಾಳೆಯನ್ನು ಬೆಳಕಿಗೆ ಹಿಡಿದಳು. "ಇನ್ನೂರ ಹನ್ನೆರಡು."

ಹೊಸ ಪುಸ್ತಕ ಬರೆಸಲು ಮಗಳ ಕಾರ್ಡನ್ನು ಅವನು ಆಗಲೇ ಜೇಬಿನಿಂದ ತೆಗೆದು ಮೇಜಿನ ಮೇಲೆ ಇಟ್ಟಿದ್ದ. ಅದನ್ನು ನೋಡಿದ. ಅಕ್ಕನೂ ನೋಡಿದಳು. ಎರಡು, ಒಂದು, ಎರಡು, ಅವಳೇ ಬರೆದುಕೊಟ್ಟಿದ್ದ ಅಂಕಿಗಳು. ಅವನ ಮುಖದ ನಗು ಇದ್ದ ಹಾಗೇ ಇತ್ತು, ಒಂದು ಎಳೆಯೂ ಕದಲಲಿಲ್ಲ. ಅದನ್ನು ಕಂಡೇ ಅಕ್ಕ ಹಾಳೆಯನ್ನು ಸರಕ್ಕನೆ ಮಡಿಚಿದಳು.

"ಅಯ್ಯೋ, ನನ್ನ ಕಣ್ಣು! ಇನ್ನೂರ ಎಪ್ಪತ್ತೆರಡು ಇರ್ಬೇಕು. ಒಂದು ಯಾವುದು, ಏಳು ಯಾವುದು ಅಂತ ಈಗೀಗ ಗೊತ್ತೇ ಆಗಲ್ಲ."

"ಇರ್ಲಿ ಬಿಡಿ ಅಕ್ಕ. ಮಕ್ಕಳಲ್ವಾ." ಅವನು ಕಾರ್ಡನ್ನು ಎತ್ತಿಕೊಂಡ. "ಪುಟ್ಟಿ, ನಡಿ ಮನೆಗೆ."

ಹುಡುಗಿ ಕೈಯಲ್ಲಿದ್ದ ಪುಸ್ತಕವನ್ನು ಅದರ ಜಾಗದಲ್ಲೇ ಇಟ್ಟು, ಸಾಲು ಸರಿಮಾಡಿದಳು. ಅಳಲಿಲ್ಲ. ಅಕ್ಕನ ಕಡೆಗೆ ನೋಡಲೂ ಇಲ್ಲ.

"ಮಗು ಇಲ್ಲೇ ಇರ್ಲಿ ತಮ್ಮ," ಎಂದಳು ಅಕ್ಕ. "ಹೊಸ ಪುಸ್ತಕ ಬಂದಿವೆ, ಜೋಡಿಸೋಕೆ ನನಗೂ ಒಂದು ಕೈ ಆಗುತ್ತೆ. ಸಾಯಂಕಾಲ ನಾನೇ ತಂದು ಬಿಡ್ತೀನಿ. ಇಲ್ಲ, ಇವತ್ತು ನಮ್ಮನೇಲೇ ಮಲಗಲಿ."

"ಇನ್ನೊಂದು ದಿನ ಅಕ್ಕ."

ಬಾಗಿಲು ದಾಟಿ ಮೆಟ್ಟಿಲ ಮೇಲೆ ನಿಂತು ಅವನು ವಾಚು ಬಿಚ್ಚಿದ. ಕರವಸ್ತ್ರದಲ್ಲಿ ಸುತ್ತಿ ಜೇಬಿಗೆ ಇಳಿಸಿದ. ಎದುರಿನ ದರ್ಜಿ "ಏನ್ ಹೀರೋ!" ಎಂದು ಕೂಗಿದಾಗ ಕೈ ಎತ್ತಿದ. ಆಮೇಲೆ ಆ ಕೈಯಿಂದಲೇ ಮಗಳ ಕೈ ಹಿಡಿದು ನಡೆದ. ಮಗು ಅವನ ಹೆಜ್ಜೆಗೆ ಹೆಜ್ಜೆ ಕೂಡಿಸಲು ಸ್ವಲ್ಪ ಓಡುತ್ತಿತ್ತು.

"ನೋಡಿ, ರಸ್ತೆ ದಾಟೋವಾಗ ಹೇಗೆ ಕೈ ಹಿಡ್ಕೊಂಡಿದಾನೆ," ಎಂದರು ಮೇಷ್ಟ್ರು. "ಇಂಥ ಅಪ್ಪ ಸಿಗೋಕೂ ಪುಣ್ಯ ಮಾಡಿರ್ಬೇಕು."

ಹೇಳಿದರೆ ಮೇಷ್ಟ್ರು ನಂಬುವುದಿಲ್ಲ. ದರ್ಜಿ ನಂಬುವುದಿಲ್ಲ. ಒಂದು ಗಳಿಗೆ ಹಿಂದೆ ಹೇಳಿದ್ದರೆ ಅವಳೂ ನಂಬುತ್ತಿರಲಿಲ್ಲ. ಅಕ್ಕ ಫೋನ್ ಎತ್ತಿಕೊಂಡಳು. ಆಪತ್ತಿಗೆ ಇರಲಿ ಎಂದು ಫೋನಿನ ಮೇಲೆ ಗೋಡೆಗೆ ಅಂಟಿಸಿಕೊಂಡಿದ್ದುದು ಒಂದೇ ನಂಬರು. ಹೋದ ವರ್ಷ ಆ ಹೀರೋನೇ ದಪ್ಪ ಅಕ್ಷರಗಳಲ್ಲಿ ಬರೆದುಕೊಟ್ಟು, ಕೆಳಗೆ ಒಂದು ಸಾಲು ಸೇರಿಸಿದ್ದ: "ಯಾವ ಹೊತ್ತಿಗಾದರೂ ಕರೆಯಿರಿ, ಬರುತ್ತೇನೆ."