ಮಹಂತೇಶನ ಗುಪ್ತಭಾಷೆ

"ಓಡು!" ಎಂದು ಮಹಂತೇಶ ಅರಚಿದ. ಗುರುಪ್ರೀತ್ ಓಡಿದ. ಅವನಿಗಿಂತ ಮೊದಲೇ ಚೆಂಡು ಎರಡನೇ ಬೇಸ್ ತಲುಪಿ ಅವನ ದಾರಿ ಕಾಯುತ್ತಿತ್ತು. ಇಂದಿರಾಪುರಂ ತಂಡದಲ್ಲಿ ಚೆಂಡೆಸೆಯುವ ಪಿಚರ್ ಹುಡುಗ, ಟಪಾಲು ಬಂದವನ ಹಾಗೆ, ಎಲ್ಲ ಮುಂಚಿತವಾಗಿ ತಿಳಿದು ಎಸೆದಿದ್ದ. ಬೆಳಗಿನಿಂದಲೂ ಹೀಗೇ.

2005ರ ಜನವರಿ. ದೆಹಲಿಯ ರೋಹಿಣಿ ಬಡಾವಣೆಯ ಮೈದಾನದಲ್ಲಿ ಬೇಸ್‌ಬಾಲ್ ಫೈನಲ್. ಮಹಂತೇಶ ಹಿಂದೆ ಹನ್ನೆರಡು ವರ್ಷ ಕ್ಯಾಚರ್ ಆಗಿ ಬ್ಯಾಟುಗಾರನ ಬೆನ್ನಿಗೆ ಕುಕ್ಕರುಗಾಲಲ್ಲಿ ಕೂತಿದ್ದವನು. ಆಗ ಕೈಗೆ ಕಪ್ಪು ಸಿಗಲಿಲ್ಲ, ಮಂಡಿಗೆ ನೋವು ಸಿಕ್ಕಿತು. ಎದ್ದು ನಿಂತು ಮ್ಯಾನೇಜರ್ ಆದದ್ದೇ ರೋಹಿಣಿ ತಂಡಕ್ಕೆ ಸತತ ಎರಡು ವರ್ಷ ಕಪ್ಪು. ಈ ಸಲ ಸೋತರೆ ಮಾತ್ರ ಅವನ ಜಾಗಕ್ಕೆ ಕ್ಲಬ್ ಸೆಕ್ರೆಟರಿಯ ಭಾವಮೈದುನ. ಆತ ಆಗಲೇ ಮ್ಯಾನೇಜರ್ ಟೋಪಿ ಹಾಕಿಕೊಂಡು, ಬಿಸಿಲಿಗೆ ಕುರ್ಚಿ ಎಳೆದುಕೊಂಡು ಶೇಂಗಾ ಬಿಡಿಸುತ್ತಿದ್ದ.

ಬೇರೆ ಮ್ಯಾನೇಜರುಗಳು ಮೂಗು ಮುಟ್ಟಿ, ಕಿವಿ ತಿರುಚಿ ತಮ್ಮ ಆಟಗಾರರಿಗೆ ಸನ್ನೆ ಮಾಡುತ್ತಾರೆ. ಎದುರಾಳಿಗಳು ಅದನ್ನು ಕದಿಯುತ್ತಾರೆ. ಮಹಂತೇಶ ಆ ತಾಪತ್ರಯವೇ ಬೇಡವೆಂದು ತನ್ನ ಪಂಜಾಬಿ, ಹರಿಯಾಣವಿ ಹುಡುಗರಿಗೆ ನಾಲ್ಕು ಕನ್ನಡ ಮಾತು ಕಲಿಸಿ, ರಾಜಾರೋಷವಾಗಿ ಕೂಗುತ್ತಿದ್ದ. ದೆಹಲಿಯಲ್ಲಿ ಕನ್ನಡ ಯಾವನಿಗೆ ತಿಳಿಯುತ್ತದೆ?

"ಸರ್‌ಜೀ, ಉಧರ್ ಕೋಯಿ ಮದ್ರಾಸಿ ಹೈ ಕ್ಯಾ?" ಎಂದ ಗುರುಪ್ರೀತ್, ಪ್ಯಾಂಟಿನ ಮಣ್ಣು ಕೊಡವುತ್ತ.

"ಮದ್ರಾಸಿ ತೋ ಮೈ ಭೀ ನಹೀ ಹೂಂ, ಬೇಟಾ. ರುಕ್, ದೇಖ್ತೇ ಹೈಂ."

ಕೊನೆಯ ಸರದಿ ಬಂತು. ಅಂಕ ಸಮ. ಗುರುಪ್ರೀತ್ ಹೇಗೋ ಮೂರನೇ ಬೇಸ್ ತನಕ ಬಂದು ನಿಂತಿದ್ದ. ಅಲ್ಲಿಂದ ಬ್ಯಾಟುಗಾರನ ಕಾಲಬಳಿಯ ಹೋಮ್ ಪ್ಲೇಟ್ ಮುಟ್ಟಿದರೆ ಕಪ್ಪು. ಮಹಂತೇಶ ಗಂಟಲು ಸರಿಮಾಡಿಕೊಂಡ. ತಾನು ಕೆಲಸ ಮಾಡುವ ಸರ್ಕಾರಿ ಆಫೀಸಿನಲ್ಲಿ ಅಂಡರ್ ಸೆಕ್ರೆಟರಿಯಿಂದ ಹಿಡಿದು ಲಿಫ್ಟಿನ ಕಿರುಗುಟ್ಟುವಿಕೆಯವರೆಗೆ ಎಲ್ಲದರ ಅನುಕರಣೆ ಮಾಡಿ ಮೆಮೊ ಪಡೆದ ಗಂಟಲು ಅದು. ಈಗ ಅದರಿಂದ ಹೊರಟಿದ್ದು ಅಡುಗೆಮನೆಯಾಚೆಯಿಂದ ಕೂಗುವ ತಾಯಿಯ ದನಿ:

"ಏಯ್! ಹಾಲು ಉಕ್ತಾ ಇದೆ, ಗ್ಯಾಸ್ ಆರ್ಸೋ!"

ಇಡೀ ಮೈದಾನದಲ್ಲಿ ಒಂದೇ ಒಂದು ತಲೆ ಗಕ್ಕನೆ ತಿರುಗಿತು. ಪಿಚರ್ ಹುಡುಗನದು. ಪ್ರೇಕ್ಷಕರ ಸಾಲಿನಲ್ಲಿ ಶಾಲು ಹೊದ್ದ ಹೆಂಗಸೊಬ್ಬರೂ ಧಡಕ್ಕನೆ ಎದ್ದು ನಿಂತಿದ್ದರು.

"ಅಚ್ಛಾ!" ಎಂದುಕೊಂಡ ಮಹಂತೇಶ, ಅಂಪೈರ್ ಬಳಿ ಒಂದು ನಿಮಿಷ ಬಿಡುವು ಕೇಳಿ ಗುರುಪ್ರೀತನ ಕಿವಿಯಲ್ಲಿ ಏನೋ ಉಸುರಿದ. ವಾಪಸ್ ಬಂದು ಗಂಟಲು ಹರಿಯುವಂತೆ ಕೂಗಿದ: "ನಿಲ್ಲು! ಅಲ್ಲೇ ನಿಲ್ಲು, ಕದಲಬೇಡ!"

ಪಿಚರ್‌ಗೆ ನೆಮ್ಮದಿಯಾಯಿತು. ಇವನೆಲ್ಲಿ ಓಡುತ್ತಾನೆಂದು ಕಾಲೆತ್ತಿ, ಮೈ ತಿರುವಿ, ವಿರಾಮವಾಗಿ ಕೈ ಬೀಸತೊಡಗಿದ. ಚೆಂಡು ಕೈ ಬಿಡುವಷ್ಟರಲ್ಲಿ ಗುರುಪ್ರೀತ್ ಅರ್ಧ ದಾರಿ ದಾಟಿದ್ದ. ಧೂಳು ಅಡಗಿದಾಗ ಅವನ ಕೈ ಹೋಮ್ ಪ್ಲೇಟಿನ ಮೇಲಿತ್ತು. ಸೆಕ್ರೆಟರಿಯ ಭಾವಮೈದುನ ಟೋಪಿ ತೆಗೆದು, ಉಳಿದ ಶೇಂಗಾ ಅದರೊಳಗೆ ಸುರಿದುಕೊಂಡು ಎದ್ದುಹೋದ.

ಕಪ್ಪು ಹಿಡಿದು ನಗುತ್ತಿದ್ದ ಮಹಂತೇಶನ ಬಳಿಗೆ ಶಾಲಿನ ಹೆಂಗಸು ಬಂದರು. ಅವರ ಕೈಯಲ್ಲಿ ಪಿಚರ್‌ನ ಕಿವಿ ಇತ್ತು.

"ನಾನು ಸುಶೀಲಾ, ಇವನ ತಾಯಿ. ತುಂಬಾ ಉಪಕಾರ ಆಯ್ತು ಸರ್. ಇವನು ಅಪೂರ್ವ. ಮನೇಲಿ ಏನು ಹೇಳಿದ್ರೂ 'ಕನ್ನಡ ಸಮಝ್ ಮೇ ನಹೀ ಆತಾ, ಮಮ್ಮಿ' ಅಂತಾನೆ. ಉಡುಪಿಯಿಂದ ಅವನ ಅಜ್ಜಿ ಫೋನ್ ಮಾಡಿದ್ರಂತೂ ರಿಸೀವರ್ ನನ್ನ ಕೈಗೆ ಕೊಟ್ಟು ಓಡ್ತಾನೆ. ಇವತ್ತು ಸಿಕ್ಕಿಬಿದ್ದ."

"ಅರ್ಥ ಆಗತ್ತೆ ಮಮ್ಮಿ... ಬೋಲ್ತಾ ಹೂಂ ತೋ ಎಲ್ಲರೂ ನಗ್ತಾರೆ," ಎಂದ ಅಪೂರ್ವ, ಕಿವಿ ಬಿಡಿಸಿಕೊಳ್ಳಲು ನೋಡುತ್ತ.

"ನೀವು ಮಗನಿಗೆ ಕನ್ನಡ ಕಲಿಸಿಬಿಟ್ಟಿದ್ದೀರಿ ಮೇಡಂ, ನನ್ನ ಹೊಟ್ಟೆಪಾಡು ಕೆಡಿಸಿದಿರಿ," ಮಹಂತೇಶ ಕಪ್ಪನ್ನು ಕಂಕುಳಿಗೆ ಸಿಕ್ಕಿಸಿಕೊಂಡ. "ಚಲೋ, ಪರವಾಗಿಲ್ಲ. ಮುಂದಿನ ವರ್ಷ ನನ್ನ ಹುಡುಗರಿಗೆ ತುಳು ಕಲಿಸ್ತೀನಿ."

ಅಪೂರ್ವ ತಲೆ ಎತ್ತಿದ. ಮುಖದ ತುಂಬ ನಗು.

"ಎಂಚ ಉಲ್ಲರ್, ಸರ್?" ಎಂದು ತುಳುವಿನಲ್ಲೇ ಕ್ಷೇಮ ವಿಚಾರಿಸಿದ.

ಸುಶೀಲಾ ಅವರ ಕೈ ಕಿವಿಯಿಂದ ತಾನಾಗಿ ಜಾರಿತು.