ಅತ್ತೆ ಬೇಯಿಸಿದ ಆಲೂಗಡ್ಡೆ ಪಲ್ಯ

ಸತ್ತವರನ್ನು ಮನೆಯ ಯಂತ್ರಗಳೊಳಗೆ ಉಳಿಸಿಕೊಳ್ಳುವ ಪದ್ಧತಿ ಬಂದಮೇಲೆ, ಬದುಕಿದ್ದಾಗಿನ ರೂಢಿ ತಪ್ಪಬಾರದೆಂದು ಪಂಕಜಳ ಮಾವನನ್ನು ಟೀವಿಯೊಳಗೂ ಅತ್ತೆಯನ್ನು ಮೈಕ್ರೋವೇವ್ ಒಳಗೂ ಇರಿಸಿದ್ದರು.

ಪಂಕಜ ಆಲೂಗಡ್ಡೆ ಹೆಚ್ಚಿ, ಎಣ್ಣೆ, ಅರಿಸಿನ, ಉಪ್ಪು ಕಲಸಿ ಒಳಗಿಟ್ಟಳು.

"ಸಾಸಿವೆ ಚಟಪಟ ಅನ್ನದೆ ಇದೆಂಥ ಪಲ್ಯವೇ? ನಿಮ್ಮಮ್ಮ ಇಷ್ಟೂ ಕಲಿಸಲಿಲ್ವಾ?" ಅತ್ತೆ ಎಂದಿನಂತೆ ಗೊಣಗುತ್ತಲೇ ಬೇಯಿಸತೊಡಗಿದರು.

"ಬೇಗ ಆಗ್ಲಿ ಅಮ್ಮಾ, ಹಸಿವು!" ಅಪ್ಪನೊಂದಿಗೆ ಕ್ರಿಕೆಟ್ ನೋಡುತ್ತಿದ್ದ ಗಂಡ ಶ್ರೀಪತಿ ಹಜಾರದಿಂದಲೇ ಕೂಗಿದ. "ಅಂದಹಾಗೆ ಪಂಕಜಾ, ನಾವು ಸತ್ತಮೇಲೆ ಎಲ್ಲಿರಬೇಕು ಅಂತ ಇವತ್ತೇ ಗೊತ್ತುಮಾಡ್ಬಿಟ್ಟೆ. ನಂಗೆ ಎ.ಸಿ., ನಿಂಗೆ ಮಿಕ್ಸಿ."

ಒಳಗೆ ಗಾಜಿನ ತಟ್ಟೆ ತಿರುಗುವುದು ನಿಂತಿತು.

"ಬಾಗಿಲು ತೆಗಿಯೇ ಪಂಕಜಾ," ಎಂದರು ಅತ್ತೆ, ಮೆಲ್ಲಗೆ. "ಅರ್ಧಂಬರ್ಧ ಬೆಂದಿದೆ. ಹಾಗೇ ಬಡಿಸು ಅವನಿಗೆ."